ಒಂದು ಮಾರು ಗೋಡೆ

ಜನವರಿ ೧೨, ಭಾನುವಾರ

ಇವತ್ತು ನಮ್ಮ ನಡುಮನೆಯಲ್ಲಿ ಪಂಚಾಯಿತಿ ಸೇರಿ ಒಂದು ಪಟ್ಟೆಗೆ ಮರಣದಂಡನೆ ವಿಧಿಸಿತು. ಆರೋಪಿಯ ಪರವಾಗಿ ವಾದಿಸಬೇಕಾದವಳು ನಾನು. ಕಾಫಿ ತರಲು ಒಳಗೆ ಹೋಗಿದ್ದೆ. ತರುವಷ್ಟರಲ್ಲಿ ತೀರ್ಪು ಹೊರಬಿದ್ದಿತ್ತು. ಟ್ರೇ ಕುಕ್ಕಿದೆ. ಚಿಕ್ಕಮಾವ ಪಿಳ್ಳಪ್ಪನವರ ಬಿಳಿ ಪಂಚೆಯ ಮೇಲೆ ಕಾಫಿಯ ಉದ್ದನೆಯ ಪಟ್ಟೆಯೊಂದು ಮೂಡಿತು. ಇವತ್ತಿನ ಮಟ್ಟಿಗೆ ನನ್ನ ಮೇಲ್ಮನವಿ ಅಷ್ಟೇ.

ಕಾಲೇಜಿನಲ್ಲಿ ಹೊಸ ವರ್ಷಕ್ಕೆ ಕೊಟ್ಟ ಈ ಡೈರಿಯಲ್ಲಿ ಹಾಲಿನ ಲೆಕ್ಕ ಬರೆಯಬೇಕೆಂದಿದ್ದೆ. ಹಾಲು ಬೇಡ, ಹಾಲಾಹಲವನ್ನೇ ಬರೆಯುತ್ತೇನೆ. ಇಷ್ಟು ವರ್ಷ ಊರ ಮಕ್ಕಳಿಗೆಲ್ಲ ಕನ್ನಡ ಪಾಠ ಮಾಡಿದವಳು ನಾನು. ಮನೆಯಲ್ಲಿ ಆಡಲಾಗದ ಬೈಗುಳಗಳ ಕಾಗುಣಿತವಾದರೂ ಸರಿಯಿರಲಿ.

ವಿಷಯ ಇದು. ಅಲ್ಲಾಳಸಂದ್ರದ ಈ ಮನೆಯ ಹಿತ್ತಲಲ್ಲಿ ನಾಲ್ಕು ಮಹಡಿ ಎದ್ದಿದೆ, ಬಾಡಿಗೆಯವರಿದ್ದಾರೆ, ಲಿಫ್ಟಿದೆ. ನಡುಮನೆ ಮಾತ್ರ ಅಜ್ಜನ ಕಾಲದ್ದು. ಸುಣ್ಣದ ಗೋಡೆ, ಗೋಡೆಯ ಸುತ್ತ ಸೊಂಟದೆತ್ತರಕ್ಕೆ ಅಂಗೈಯಗಲದ ಕೆಮ್ಮಣ್ಣಿನ ಪಟ್ಟೆ. ಅದಕ್ಕೆ ಕಾರಣೆ ಎನ್ನುತ್ತಾರೆ. ಯುಗಾದಿಗೆ, ಮದುವೆಗೆ ಸುಣ್ಣ ಹೊಡೆಸಿ ಕಾರಣೆ ಎಳೆಯುವುದು ಈ ಮನೆಯ ಹಿರಿಸೊಸೆಯ ಕೆಲಸ. ದೇವರಮನೆ ಬಾಗಿಲಿನ ಎಡಕ್ಕೆ ಶುರುಮಾಡಿ, ನಾಲ್ಕು ಗೋಡೆ ಸುತ್ತಿ, ಅದೇ ಬಾಗಿಲಿನ ಬಲಕ್ಕೆ ತಂದು ಮುಗಿಸಬೇಕು. ನಿಯಮ ಎರಡೇ. ಹಿಡಿದ ಕೈ ಬದಲಾಗಬಾರದು, ಅಂದರೆ ಶುರುಮಾಡಿದವಳೇ ಮುಗಿಸಬೇಕು. ಮತ್ತು ಆ ಕೈ ಮುತ್ತೈದೆಯ ಕೈಯಾಗಿರಬೇಕು.

ಎರಡು ವರ್ಷದ ಹಿಂದೆ, ಯುಗಾದಿಯ ಮುನ್ನಾದಿನ, ನಾನು ಮೂರು ಗೋಡೆ ಮುಗಿಸಿ ನಾಲ್ಕನೆಯದಕ್ಕೆ ಬಂದಿದ್ದೆ. ನನ್ನ ಗಂಡ ಮುನಿಆಂಜಿನಪ್ಪನವರು ಮಾವಿನ ಸೊಪ್ಪು ತರುತ್ತೇನೆಂದು ಯಶವಂತಪುರದ ಮಾರ್ಕೆಟ್ಟಿಗೆ ಹೋದವರು ಅಲ್ಲೇ ಎದೆ ಹಿಡಿದುಕೊಂಡು ಕುಸಿದರಂತೆ. ಫೋನು ಬಂದಾಗ ದೇವರಮನೆಯ ಬಾಗಿಲಿಗೆ ಇನ್ನೊಂದೇ ಒಂದು ಮಾರು ಉಳಿದಿತ್ತು. ನಾನು ಕಾರಣೆ ಎಳೆಯುವ ಬಟ್ಟೆ ಬಿಸಾಡಿ ಓಡಿದೆ. ಪಟ್ಟೆ ಎಲ್ಲಿ ನಿಂತಿತೋ ಅಲ್ಲೇ ಇವತ್ತಿಗೂ ನಿಂತಿದೆ. ಹೆಸರಲ್ಲಿ ಮುನಿ ಇದ್ದದ್ದು ಅವರಿಗೆ; ಮುನಿಸನ್ನೆಲ್ಲ ನನ್ನ ಪಾಲಿಗೆ ಬಿಟ್ಟುಹೋದರು.

ಮೊದಲ ವರ್ಷ ಹಬ್ಬವಿರಲಿಲ್ಲ. ಹೋದ ಯುಗಾದಿಯಲ್ಲಿ ಯಾರೂ ಆ ಮಾತೆತ್ತಲಿಲ್ಲ. ಈಗ ನನ್ನ ಮಗಳು ಮೋನಿಕಾಳ ಮದುವೆ, ಮುಂದಿನ ತಿಂಗಳು ಮನೆ ಮುಂದೆ ಚಪ್ಪರ ಏಳಬೇಕು. ಎರಡು ನಿಯಮ ಎದುರುಬದುರಾಗಿ ಬಂದು ಹೆಬ್ಬಾಳದ ಫ್ಲೈಓವರಿನ ಹಾಗೆ ಜಾಮ್ ಆಗಿವೆ: ಮುಗಿಸಬೇಕಾದವಳು ನಾನೇ, ಮುಟ್ಟಬಾರದವಳೂ ನಾನೇ.

ಪಿಳ್ಳಪ್ಪನವರೇ ಟ್ರಾಫಿಕ್ ಪೊಲೀಸು. "ಅರ್ಧ ಕಾರಣೆ ಇಟ್ಕಂಡು ಚಪ್ಪರ ಆಕಂಗಿಲ್ಲ. ಎಲ್ಲಾ ಬಳಿಸ್ಬುಡಿ. ಸುಮಂಗಲನ್ ಕೈಲಿ ಒಸ್ದಾಗಿ ಎಳ್ಸಿ" ಎಂದರು. ಸುಮಂಗಲಾ ನನ್ನ ವಾರಗಿತ್ತಿ. ಹುಟ್ಟಿದಾಗಲೇ ಹೆಸರಿನಲ್ಲೇ ಸರ್ಟಿಫಿಕೇಟು ಕೊಟ್ಟು ಕಳಿಸಿದ್ದಾರೆ. ಅವಳ ಗಂಡ, ನನ್ನ ಮೈದುನ ಅಶ್ವತ್ಥ್, "ನನಗೇನೂ ಇಲ್ಲ ಅತ್ತಿಗೆ, ಜನ ಏನಂತಾರೆ ಅಂತ" ಎಂದ. ಅವನಿಗೆ ಯಾವತ್ತೂ ಏನೂ ಇಲ್ಲ. ಅದೇ ಅವನ ತೊಂದರೆ.

ಗಂಗರತ್ನಮ್ಮನವರು ಏನೂ ಹೇಳಲಿಲ್ಲ. ಪಟ್ಟೆ ನಿಂತ ಜಾಗಕ್ಕೆ ಬೆನ್ನು ಕೊಟ್ಟು, ತಮ್ಮ ಕುರ್ಚಿಯಲ್ಲಿ, ಕಡ್ಲೆಪುರಿ ತಿನ್ನುತ್ತ ಕೂತಿದ್ದರು. ಸಂಬಂಧದಲ್ಲಿ ಅವರು ನನಗೆ ಅತ್ತೆ. ಇನ್ನು ಮೇಲೆ ಈ ಪುಸ್ತಕದಲ್ಲಿ ಆ ಶಬ್ದ ಬಳಸುವುದಿಲ್ಲ. ಗಂಗರತ್ನಮ್ಮನವರು ಎಂದೇ ಬರೆಯುತ್ತೇನೆ, ಮತದಾರರ ಪಟ್ಟಿಯಲ್ಲಿರುವ ಹಾಗೆ.

ಜನವರಿ ೧೪, ಮಂಗಳವಾರ

ಎಳ್ಳು ಬೆಲ್ಲ ತಿಂದು ಒಳ್ಳೇ ಮಾತಾಡು ಎಂದರು. ಎಳ್ಳು ಬೆಲ್ಲ ತಿಂದೆ.

ಜನವರಿ ೧೯, ಭಾನುವಾರ

ಮಗಳ ಜೊತೆ ಜಗಳ. ನಾನು ಶುರುಮಾಡಲಿಲ್ಲ. ಸ್ವಲ್ಪ ಶುರುಮಾಡಿದೆ.

ಮೋನಿಕಾ ಫಿಸಿಯೋಥೆರಪಿಸ್ಟು. ಊರವರ ಮಂಡಿ, ಭುಜ, ಬೆನ್ನುಗಳನ್ನೆಲ್ಲ ಬಗ್ಗಿಸುವವಳು, ಅಮ್ಮನ ಹಟವನ್ನೂ ಹಾಗೇ ಬಗ್ಗಿಸಬಹುದು ಎಂದುಕೊಂಡಿದ್ದಾಳೆ. ಮೃದುವಾಗಿ ಹೇಳಿದಳು. ನನಗೆ ಬೈದರೂ ತಡೆದುಕೊಳ್ಳುತ್ತೇನೆ, ಮೃದುವಾಗಿ ಹೇಳಿದರೆ ಮೈಯೆಲ್ಲ ಉರಿಯುತ್ತದೆ. "ಅಮ್ಮಾ, ಡ್ರಾಮಾ ಬೇಡ ಪ್ಲೀಸ್. ವಾಲ್‌ಪೇಪರ್ ಅಂಟಿಸ್ಬಿಡೋಣ. ಯಾರೂ ಬಳಿದ ಹಾಗೂ ಇರಲ್ಲ, ಯಾರೂ ಬಿಟ್ಟ ಹಾಗೂ ಇರಲ್ಲ."

ವಾಲ್‌ಪೇಪರಂತೆ. ಬದುಕಿನಲ್ಲಿ ಬಾಯಿಗೆ ಅಂಟಿಸಿಕೊಂಡದ್ದು ಸಾಲದೆಂದು ಗೋಡೆಗೂ ಅಂಟಿಸಬೇಕು.

ನಿನ್ನ ಮದುವೆಗೆ ನಿನ್ನ ಮನೆ ಗೋಡೆಗೆ ನಾನು ಕೆಂಪು ಹಚ್ಚಿದರೆ ನಿನಗೆ ಭಯವೇ ಎಂದು ಕೇಳಿದೆ. ಇಲ್ಲ ಎಂದಳು. ಒಂದು ಕ್ಷಣ ತಡವಾಗಿ ಇಲ್ಲ ಎಂದಳು. ಆ ಒಂದು ಕ್ಷಣವನ್ನು ಹಿಡಿದುಕೊಂಡು ಸಂಜೆಯವರೆಗೂ ಪಾತ್ರೆ ತಿಕ್ಕಿದೆ. ತೊಳೆದಿದ್ದ ಪಾತ್ರೆಗಳನ್ನೂ ತಿಕ್ಕಿದೆ.

ಜನವರಿ ೨೫, ಶನಿವಾರ

ಗಂಗರತ್ನಮ್ಮನವರ ಕುರ್ಚಿಯ ಬಗ್ಗೆ ಬರೆಯದೇ ಹೋದರೆ ನನಗೆ ರಕ್ತದೊತ್ತಡ ಏರುತ್ತದೆ.

ಮುಂಚೆ ಆ ಕುರ್ಚಿ ಕಿಟಕಿಯ ಹತ್ತಿರ ಇತ್ತು. ಬೀದಿ ಕಾಣುತ್ತಿತ್ತು, ಯಾರ ಮನೆಗೆ ಯಾರು ಬಂದರು, ಯಾರ ಕೈಯಲ್ಲಿ ಯಾವ ಚೀಲ ಎಂಬ ಸುದ್ದಿಯೆಲ್ಲ ಅಲ್ಲಿಂದಲೇ ಪ್ರಸಾರವಾಗುತ್ತಿತ್ತು. ಅವರ ಮಗ ಹೋದ ಮೇಲೆ ಕುರ್ಚಿ ನಾಲ್ಕನೇ ಗೋಡೆಗೆ ಬಂತು, ಪಟ್ಟೆ ನಿಂತ ಜಾಗಕ್ಕೆ ಸರಿಯಾಗಿ ಅಡ್ಡ. ಅಲ್ಲಿ ಗಾಳಿಯಿಲ್ಲ, ಬೆಳಕಿಲ್ಲ. ಬಂದವರ ಕಣ್ಣಿಗೆ ಆ ಅಪಶಕುನ ಬೀಳಬಾರದೆಂದು ಮರೆ ಮಾಡಿಕೊಂಡು ಕೂತಿದ್ದಾರೆ. ಮರೆಯುವುದಕ್ಕೆ ಮರೆ. ನನ್ನನ್ನೇ ಮರೆಮಾಡಿದ ಹಾಗೆ ನನಗೆ ಅನ್ನಿಸುತ್ತದೆ. ಊಟಕ್ಕೂ ಏಳುವುದಿಲ್ಲ, ತಟ್ಟೆ ಅಲ್ಲಿಗೇ ಹೋಗಬೇಕು. ಬೆಕ್ಕು ಆ ಗೋಡೆಗೆ ಮೈ ಉಜ್ಜಿದರೆ ಕೋಲು ಬೀಸುತ್ತಾರೆ. ಇವತ್ತು ಮೂರನೇ ಮಹಡಿಯ ಬಾಡಿಗೆಯವರ ಹೆಂಗಸು ಬಂದು ಮಾತಾಡುತ್ತ ಗೋಡೆಗೆ ಒರಗಿದಳು. ಗಂಗರತ್ನಮ್ಮನವರು ಅವಳನ್ನು ಎಬ್ಬಿಸಿದ ರೀತಿಗೆ ಆ ಹೆಂಗಸು ತಿಂಗಳ ಕೊನೆಗೆ ಮನೆ ಖಾಲಿ ಮಾಡಿದರೂ ಆಶ್ಚರ್ಯವಿಲ್ಲ.

ಇಷ್ಟೆಲ್ಲ ಬಾಯಿ ಇದ್ದವರಿಗೆ ಪಂಚಾಯಿತಿಯಲ್ಲಿ ಮಾತ್ರ ಬಾಯಲ್ಲಿ ಪುರಿ.

ಹನ್ನೊಂದು ಗಂಟೆಗೆ ಅಡುಗೆಮನೆಯಲ್ಲಿ ನಿಂತು ತಿಳಿಸಾರಿಗೆ ಒಗ್ಗರಣೆ ಹಾಕುತ್ತ ಯೋಚಿಸಿದೆ: ಪಿಳ್ಳಪ್ಪನವರು ಹೊರಗಿನವರು, ಬೈದು ಬಿಡಬಹುದು. ಇವರು ಮೂವತ್ತೆರಡಕ್ಕೇ ಗಂಡನನ್ನು ಕಳೆದುಕೊಂಡವರು. ಇವರಿಗೆ ಗೊತ್ತಿರಬೇಕಿತ್ತು. ಗೊತ್ತಿದ್ದೂ ಸುಮ್ಮನಿರುವವರನ್ನು ಏನೆಂದು ಬೈಯಬೇಕೋ ನಿಘಂಟಿನಲ್ಲಿಲ್ಲ.

ಜನವರಿ ೩೦, ಗುರುವಾರ

ಪೇಂಟರ್ ಮುಕ್ತಾರ್ ಬಂದಿದ್ದರು, ಆರ್.ಟಿ. ನಗರದವರು. ಅವರ ಮಗಳು ಫರ್ಹೀನ್ ನನ್ನ ಕ್ಲಾಸಿನಲ್ಲೇ ಓದುತ್ತಾಳೆ. ಅವರಿಗೆ ಇದು ಬರೀ ಗೋಡೆ ಎಂಬುದೇ ಒಂದು ಸಮಾಧಾನ. ಬಣ್ಣದ ಕಾರ್ಡು ಬಿಚ್ಚಿ, ಎಲ್ಲ ಹೊಸ ಫ್ಲ್ಯಾಟುಗಳಲ್ಲೂ ಈಗ ಸ್ಟ್ರೈಪ್ಸೇ ನಡೆಯುತ್ತಿರುವುದು, ಟೇಪು ಅಂಟಿಸಿ ಎಳೆದರೆ ಕೂದಲೆಳೆಯಷ್ಟೂ ಆಚೀಚೆ ಆಗದು ಎಂದೆಲ್ಲ ವಿವರಿಸಿದರು. ಕೆಮ್ಮಣ್ಣಿನ ಬಣ್ಣಕ್ಕೆ ಕಂಪನಿಯವರು ಇಟ್ಟಿರುವ ಹೆಸರು ಮರುಭೂಮಿಯ ಗುಲಾಬಿಯಂತೆ. ನನ್ನ ಈಗಿನ ಸ್ಥಿತಿಗೆ ಅದು ಸರಿಯಾದ ಬಿರುದು.

ಪಿಳ್ಳಪ್ಪನವರಿಗೆ ತಕ್ಷಣ ಹೊಳೆಯಿತು: ಟೇಪು ಅಂಟಿಸಿ ಡಬ್ಬದ ಬಣ್ಣದಲ್ಲಿ ಎಳೆದರೆ ಅದು ಡಿಸೈನು, ಕಾರಣೆಯಲ್ಲ, ಡಿಸೈನನ್ನು ಯಾರು ಬೇಕಾದರೂ ಎಳೆಯಬಹುದು. ಆಮೇಲೆ ನನ್ನ ಕಡೆ ತಿರುಗಿ, ದೊಡ್ಡ ಮನಸ್ಸು ಮಾಡಿದವರ ದನಿಯಲ್ಲಿ ಹೇಳಿದರು: "ಲೆಕ್ಚರರಮ್ಮ, ಬೇಕಾರೆ ನೀನೂ ಒಂದೆಲ್ಡ್ ಡಿಸೈನ್ ಎಳ್ಕೊ. ನಂಗೇನಿಲ್ಲ."

ಒಂದು ಕಣ್ಣಿಗೆ ಬೆಣ್ಣೆ, ಒಂದು ಕಣ್ಣಿಗೆ ಸುಣ್ಣ ಎಂದು ಗಾದೆ. ನನ್ನ ಕಣ್ಣಿಗೆ ಎಮಲ್ಷನ್.

ಅಂದರೆ ಏನು? ನಾನು ಮಾಡಿದರೆ ತೊಂದರೆಯಿಲ್ಲ, ಅದಕ್ಕೆ ಅರ್ಥವಿರಬಾರದು ಅಷ್ಟೇ. ಕೆಮ್ಮಣ್ಣು ಮುಟ್ಟಿದರೆ ಕೆಡುಕು, ಪ್ಲಾಸ್ಟಿಕ್ ಮುಟ್ಟಿದರೆ ಕಲೆ. ಬೇಡ ಎಂದೆ. ಅಶ್ವತ್ಥ್, "ಅತ್ತಿಗೆ, ಇದೂ ಬೇಡ ಅಂದ್ರೆ ಹೆಂಗೆ" ಎಂದ. ಹೇಗೂ ಇಲ್ಲ. ಬೇಡ.

ಹಾಗಾದರೆ ಎಲ್ಲ ಬಿಳಿ ಬಳಿದುಬಿಡಲಿ, ಆಮೇಲೆ ಸುಮಂಗಲಾ ಶಾಸ್ತ್ರಕ್ಕೆ ಒಂದು ಗೆರೆ ಎಳೆಯಲಿ ಎಂದು ಆಯಿತು. ಸೋಮವಾರದಿಂದ ಕೆಲಸ. ಗಂಗರತ್ನಮ್ಮನವರು ಬಣ್ಣದ ಕಾರ್ಡನ್ನು ತಿರುಗಿಸಿ ತಿರುಗಿಸಿ ನೋಡಿ, ಅದರಲ್ಲಿ ಬೀಸಿಕೊಂಡರು.

ಫೆಬ್ರವರಿ ೩, ಸೋಮವಾರ

ಮೊದಲನೇ ಗೋಡೆ ಹೋಯಿತು. ನಾನು ಕಾಲೇಜಿನಿಂದ ಬರುವಷ್ಟರಲ್ಲಿ ಹೊಸ ಬಿಳುಪು. ಸಂಧಿಯ ಲೋಪ, ಆಗಮ, ಆದೇಶ ಎಲ್ಲ ಪಾಠ ಮಾಡಿ ಬಂದಿದ್ದೆ. ಇದು ಲೋಪ.

ಫೆಬ್ರವರಿ ೪, ಮಂಗಳವಾರ

ಲೋಪವಲ್ಲ, ಆಗಮ. ಬೆಳಗ್ಗೆ ಎದ್ದು ನೋಡಿದರೆ ಬಿಳಿಯ ಮೇಲೆ ನನ್ನ ಪಟ್ಟೆ ಗುಲಾಬಿ ಬಣ್ಣದಲ್ಲಿ ಎದ್ದು ನಿಂತಿದೆ, ಮೂರು ದಿನ ಜ್ವರ ಬಿದ್ದು ಎದ್ದವರ ಹಾಗೆ. ಮುಕ್ತಾರ್ ಇನ್ನೊಂದು ಕೋಟು ಹೊಡೆದರು. ಮಧ್ಯಾಹ್ನಕ್ಕೆ ಮತ್ತೆ ಬಂತು. ಅವರು ಕೈಚೆಲ್ಲಿ, ಹಳೇ ಕೆಮ್ಮಣ್ಣು ಪುಡಿಪುಡಿಯಾಗಿ ಹೊಸ ಬಣ್ಣದ ಜೊತೆ ಕಲೆಸಿಕೊಳ್ಳುತ್ತದೆ, ನಾಲ್ಕೂ ಗೋಡೆ ಕೆರೆದೇ ತೀರಬೇಕು ಎಂದರು. ಗುರುವಾರ ಕೆರೆಯುತ್ತಾರಂತೆ.

ನನಗೆ ನಗು ಬಂತು. ಬಹಳ ದಿನಗಳ ಮೇಲೆ ಹೊಟ್ಟೆ ಹಿಡಿದುಕೊಂಡು ನಕ್ಕೆ. ಅಶ್ವತ್ಥ್ ಭಯದಿಂದ ನೋಡಿದ.

ಸಂಜೆ ಸುಮಂಗಲಾ ಅಡುಗೆಮನೆಗೆ ಬಂದಳು. ಸೌತೆಕಾಯಿ ಹೆಚ್ಚುತ್ತಿದ್ದ ನನ್ನ ಕೈಯಿಂದ ಚಾಕು ತೆಗೆದುಕೊಂಡು ತಾನು ಹೆಚ್ಚತೊಡಗಿದಳು. ಆಮೇಲೆ ಹೇಳಿದಳು: "ಅಕ್ಕ, ನಂಗೆ ಬೇಡ ಕಣಕ್ಕ ಇದು. ನೀವು ಎಳ್ದಿದ್ದನ್ನ ಅಳಿಸಿ ನಾನ್ ಎಳೀಬೇಕು. ನಾಳೆ ನಮ್ಮೆಜಮಾನ್ರಿಗೆ ಒಂದು ಸೀನು ಬಂದ್ರೂ ನಂಗೆ ಅದೇ ನೆನಪಾಗುತ್ತೆ."

ಹಾಗಿದ್ದರೆ ಅವರ ಮುಂದೆ ಯಾಕೆ ಹೇಳಲಿಲ್ಲ ಎಂದೆ. "ನೀವೇ ಹೇಳಕ್ಕಾಗ್ಲಿಲ್ಲ, ಎಂ.ಎ. ಮಾಡ್ಕೊಂಡು" ಎಂದಳು.

ಇಷ್ಟು ದಿನ ಇವಳ ಮೇಲೆ ಜೋಪಾನವಾಗಿ ಕಾಪಾಡಿಕೊಂಡು ಬಂದಿದ್ದ ಸಿಟ್ಟು. ಅದನ್ನೂ ಕಿತ್ತುಕೊಂಡಳು. ಸೌತೆಕಾಯಿಯನ್ನು ಮಾತ್ರ ದಪ್ಪದಪ್ಪ ಹೆಚ್ಚಿದ್ದಾಳೆ.

ಫೆಬ್ರವರಿ ೬, ಗುರುವಾರ

ನಡೆದದ್ದು ನಡೆದ ಹಾಗೆ ಬರೆಯುತ್ತೇನೆ. ಶಬ್ದದ ಆಟಕ್ಕೆ ಇವತ್ತು ಕೈ ಬರುತ್ತಿಲ್ಲ.

ಕಾಲೇಜಿಗೆ ರಜೆ ಹಾಕಿದ್ದೆ, ಕೆರೆಯುವುದನ್ನು ಕಣ್ಣಾರೆ ನೋಡಬೇಕೆಂದು. ಗಾಯದ ಮೇಲೆ ಕೈಯಾಡಿಸುವ ಚಟ. ಪಿಳ್ಳಪ್ಪನವರು ಉಸ್ತುವಾರಿಗೆ ಬಂದು ಬೆಂಚಿನ ಮೇಲೆ ಕೂತಿದ್ದರು. ಬಾಗಿಲ ಬಲಗಡೆಯಿಂದ, ಅಂದರೆ ಪಟ್ಟೆ ನಿಂತ ಗೋಡೆಯಿಂದಲೇ ಶುರುಮಾಡಿ ಎಂದು ಅವರ ಅಪ್ಪಣೆ. ಮುಕ್ತಾರ್ ನೆಲಕ್ಕೆ ಪ್ಲಾಸ್ಟಿಕ್ ಹಾಸಿ, ಕೆರೆಯುವ ತಗಡು ಕೈಲಿ ಹಿಡಿದು, ಕುರ್ಚಿಯ ಮುಂದೆ ನಿಂತು, "ಅಜ್ಜೀ, ಸ್ವಲ್ಪ ಎದ್ದು ಆ ಕಡೆ ಕೂತ್ಕೊಳ್ರಿ, ಧೂಳು ಬರುತ್ತೆ" ಎಂದರು.

ಗಂಗರತ್ನಮ್ಮನವರು ಏಳಲಿಲ್ಲ.

ಅವರಿಗೆ ಕಿವಿ ಕೇಳಿಸಲಿಲ್ಲವೇನೋ ಎಂದು ಅಶ್ವತ್ಥ್ ಜೋರಾಗಿ ಹೇಳಿದ. ಅವರ ಕಿವಿ ನನ್ನ ಕಿವಿಗಿಂತ ಚುರುಕು. ಕೋಲನ್ನು ತೊಡೆಯ ಮೇಲೆ ಅಡ್ಡ ಇಟ್ಟುಕೊಂಡರು. "ನನ್ನೂ ಸೇರ್ಸಿ ಬಳೀರಪ್ಪ" ಎಂದರು. "ತಲೆ ಎಂಗೂ ಬೆಳ್ಳಗೈತೆ. ಒಂದ್ ಕೋಟ್ ಸಾಕಾಯ್ತದೆ."

ಮುಕ್ತಾರ್ ತಗಡನ್ನು ಬೆನ್ನ ಹಿಂದೆ ಬಚ್ಚಿಟ್ಟುಕೊಂಡರು, ಮೇಷ್ಟರಿಗೆ ಸಿಕ್ಕಿಬಿದ್ದ ಹುಡುಗರ ಹಾಗೆ.

ಪಿಳ್ಳಪ್ಪನವರು, ಅತ್ತಿಗೆ, ಶಾಸ್ತ್ರ ಅಂತ ಒಂದಿದೆ ಎಂದು ಶುರುಮಾಡಿದರು. ಗಂಗರತ್ನಮ್ಮನವರು ಅವರ ಮುಖ ನೋಡಲಿಲ್ಲ, ಅವರ ಪಕ್ಕದ ಕಂಬಕ್ಕೆ ಹೇಳಿದ ಹಾಗೆ ಹೇಳಿದರು:

"ನಿಮ್ಮಣ್ಣ ಓದಾಗ ಇದೇ ನಡುಮನ್ಯಾಗೆ ನನ್ ಕೈಲಿಂದ ಕಾರಣೆ ಬಟ್ಟೆ ಈಸ್ಕೊಂಡ್ರಿ. ಸುಮ್ಕಿದ್ದೆ. ಆಮ್ಯಾಕೆ ಇವ್ಳು ಬಂದ್ಲು. ಕೈ ಇಡ್ದು ಕಲ್ಸಿ ನಾನೇ ಕೊಟ್ಟೆ. ಕೊಟ್ಟೋಳು ನಾನು. ವಾಪಸ್ ಈಸ್ಕೊಳೋದಾದ್ರೆ ನಾನು ಈಸ್ಕೋಬೇಕು. ನೀನ್ಯಾವೋನು?"

ಒಳಗೆ ಕುಕ್ಕರು ಕೂಗಿತು, ಅದನ್ನು ಆರಿಸಲೂ ಯಾರೂ ಹೋಗಲಿಲ್ಲ.

ಅರ್ಧ ಕಾರಣೆ ಇಟ್ಟುಕೊಂಡು ಚಪ್ಪರ ಹಾಕುವುದು ಹೇಗೆ ಎಂದು ಪಿಳ್ಳಪ್ಪನವರು ಕೊನೆಯ ಬಾಣ ಬಿಟ್ಟರು. ಅರ್ಧ ಯಾಕೆ ಇರುತ್ತದೆ, ಹಿಡಿದ ಕೈ ಇಲ್ಲೇ ನಿಂತಿದೆಯಲ್ಲ ಎಂದು ಅತ್ತೆ ನನ್ನ ಕಡೆ ಕೋಲು ತೋರಿಸಿದರು. "ಯಾರೂ ಒರಗಬಾರ್ದು, ಅಳಿಸ್ಬಾರ್ದು ಅಂತ ಎಲ್ಡು ವರ್ಸದಿಂದ ಕಾಯ್ಕಂಡು ಕೂತಿವ್ನಿ. ಬಂದು ಮುಗ್ಸಮ್ಮ. ನಂಗೂ ಬೆನ್ನು ನೋಯ್ತದೆ."

ಫೆಬ್ರವರಿ ೭, ಶುಕ್ರವಾರ

ನಿದ್ದೆಯಿಲ್ಲದೆ ತಲೆ ಸಿಡಿಯುತ್ತಿದೆ. ಕೋಪ ಇಳಿದಿರಬೇಕೆಂದು ಎಲ್ಲರೂ ನನ್ನ ಮುಖ ನೋಡುತ್ತಿದ್ದಾರೆ. ಇಳಿದಿಲ್ಲ, ಏರಿದೆ.

ಎರಡು ವರ್ಷ. ಎರಡು ವರ್ಷ ಒಂದೇ ಮನೆಯಲ್ಲಿ, ಒಂದೇ ಪಾತ್ರೆಯ ಮುದ್ದೆ ಮುರಿದುಕೊಂಡು ಉಂಡಿದ್ದೇವೆ. ಅಷ್ಟೂ ದಿನದಲ್ಲಿ ಅತ್ತೆ ನನ್ನನ್ನು ಕರೆದು, ಬಾ, ಇಲ್ಲಿ ನೋಡು, ಇದನ್ನು ನಿನಗೆಂದು ಕಾಯುತ್ತಿದ್ದೇನೆ ಎಂದು ಒಂದೇ ಒಂದು ಮಾತು ಹೇಳಿದ್ದರೆ ನಾನು ಆ ಕುರ್ಚಿಯನ್ನು ಹೀಗೆ ದ್ವೇಷಿಸುತ್ತಿರಲಿಲ್ಲ. ಬೆಕ್ಕಿಗೆ ಬೈದರು, ಬಾಡಿಗೆಯವರಿಗೆ ಬೈದರು, ನನಗೆ ಹೇಳಲಿಲ್ಲ. ಮಧ್ಯಾಹ್ನ ಊಟ ಕೊಡುವಾಗ ಕೇಳಿಯೇಬಿಟ್ಟೆ. ಯಾಕೆ ಹೇಳಲಿಲ್ಲ?

"ನೀನು ಕೇಳ್ಲಿಲ್ಲ" ಎಂದರು. ಸ್ವಲ್ಪ ಹೊತ್ತು ಮುದ್ದೆ ಅದ್ದಿಕೊಂಡು ತಿಂದ ಮೇಲೆ, "ನೀನು ಆ ಗ್ವಾಡೆ ಕಡಿಕೆ ತಿರುಗಿ ಕೂಡ ನೋಡ್ತಿರ್ಲಿಲ್ಲ. ನೋಡ್ದೆ ಇರೋರಿಗೆ ಏನಂತ ಏಳನ" ಎಂದರು.

ಸುಳ್ಳು. ನಾನು ನೋಡುತ್ತಿದ್ದೆ. ಅವರು ಅಡ್ಡ ಕೂತಿದ್ದರಿಂದ ಅವರನ್ನೇ ನೋಡುತ್ತಿದ್ದೆ.

ಸಾರಿಗೆ ಉಪ್ಪು ಜಾಸ್ತಿಯಾಗಿತ್ತು. ಅತ್ತೆ ಹೇಳಲಿಲ್ಲ. ಅದನ್ನೂ ಹೇಳಲಿಲ್ಲ.

ಫೆಬ್ರವರಿ ೧೦, ಸೋಮವಾರ

ಯಲಹಂಕದ ವಾಯುನೆಲೆಯಲ್ಲಿ ಏರ್ ಶೋ ಶುರುವಾಗಿದೆ. ತಲೆಯ ಮೇಲೆ ವಿಮಾನಗಳು ಆಕಾಶವನ್ನು ಹರಿದು ಹೊಲಿಯುತ್ತಿವೆ. ಪ್ರತಿ ಸಲ ಒಂದು ಹಾದುಹೋದಾಗಲೂ ಕಿಟಕಿ ಗಾಜು ನಡುಗುತ್ತದೆ, ನಾನು ಬೈಯುತ್ತೇನೆ, ಯಾರಿಗೂ ಕೇಳಿಸುವುದಿಲ್ಲ. ಅಷ್ಟರಮಟ್ಟಿಗೆ ಉಪಕಾರಿಗಳು. ಮಾಂಸದ ಚೂರಿಗೆ ಹಕ್ಕಿಗಳು ಬಂದು ವಿಮಾನಕ್ಕೆ ಬಡಿಯುತ್ತವೆಂದು ಮಾಂಸದ ಅಂಗಡಿಗಳನ್ನೂ ಮುಚ್ಚಿಸಿದ್ದಾರೆ. ಬೀಗರ ಊಟವನ್ನು ಮುಂದಿನ ವಾರಕ್ಕೆ ಹಾಕಿದ್ದೇವೆ. ಪಿಳ್ಳಪ್ಪನವರ ನಿಜವಾದ ದುಃಖ ಇದೇ ಎಂದು ನನ್ನ ಗುಮಾನಿ.

ಪಟ್ಟೆ ಇನ್ನೂ ಎಳೆದಿಲ್ಲ. ಇವತ್ತು ಉತ್ತರಪತ್ರಿಕೆಗಳಿದ್ದವು.

ಫೆಬ್ರವರಿ ೧೧, ಮಂಗಳವಾರ

ಯಲಹಂಕದ ಹಳೇ ಪೇಟೆಗೆ ಹೋಗಿ ಕೆಮ್ಮಣ್ಣು ತಂದೆ. ಬಣ್ಣ ಸರಿಯಿಲ್ಲ. ನಾಳೆ ವಾಪಸು ಕೊಟ್ಟು ಬೇರೆ ತರಬೇಕು.

ಫೆಬ್ರವರಿ ೧೨, ಬುಧವಾರ

ಬೇರೆ ತಂದೆ. ಇದೂ ಅಂಥದೇ. ಸುಮಂಗಲಾ, "ಅಕ್ಕ, ಮಣ್ಣಲ್ವಾ, ಇನ್ನೆಂಗಿರುತ್ತೆ" ಎಂದಳು. ಅವಳಿಗೇನು ಗೊತ್ತು ಎಂದು ರೇಗಿದೆ. ಗೋಡೆಯೂ ಒದ್ದೆಯಿದೆ. ಒದ್ದೆಯಿಲ್ಲ ಎಂದು ಮುಕ್ತಾರ್ ಹೇಳುತ್ತಾರೆ. ಅವರಿಗೇನು ಗೊತ್ತು.

ಮೋನಿಕಾ ಸಂಜೆ ನನ್ನ ಬಲಗೈ ಹಿಡಿದು, ಭುಜ ತಿರುಗಿಸಿ, ಮೊಣಕೈ ಮಡಚಿ ನೋಡಿದಳು. "ನೋವೇನಾದ್ರೂ ಇದ್ಯಾ ಅಮ್ಮ?" ಇಲ್ಲವೆಂದೆ. "ಹಾಗಾದ್ರೆ ಯಾಕೆ ಎಳೀತಿಲ್ಲ?"

ಅದು ಕೈಗೆ ಸಂಬಂಧಿಸಿದ ಪ್ರಶ್ನೆಯಲ್ಲ, ಪಠ್ಯದಿಂದ ಹೊರಗಿನದು ಎಂದೆ.

ಫೆಬ್ರವರಿ ೧೩, ಗುರುವಾರ

ಎಳೆದೆ.

ಬೆಳಗ್ಗೆ ಅತ್ತೆ ತಾವೇ ಬೋಗುಣಿಯಲ್ಲಿ ಕೆಮ್ಮಣ್ಣು ನೆನೆಹಾಕಿಟ್ಟಿದ್ದರು. ಹಳೇ ಪಂಚೆಯ ಅಂಚು ಹರಿದು ಬಟ್ಟೆ ಮಾಡಿಟ್ಟಿದ್ದರು. ಯಾರ ಪಂಚೆ ಎಂದು ನನಗೆ ಗೊತ್ತಾಯಿತು, ಕೇಳಲಿಲ್ಲ. ಮೊದಲನೇ ಗೋಡೆಯಲ್ಲಿ ಗುಲಾಬಿ ಗುರುತಿನ ಮೇಲೇ ಕೈಯಾಡಿಸಿಕೊಂಡು ಹೋದೆ. ಅದೇನೂ ಕಷ್ಟವಾಗಲಿಲ್ಲ. ನನ್ನ ಹಳೇ ಕೈಯೇ ದಾರಿ ತೋರಿಸಿತು. ಎರಡು, ಮೂರು ಹಾಗೇ ಇದ್ದವು.

ನಾಲ್ಕನೇ ಗೋಡೆಯ ಮುಂದೆ ಬಂದು ನಿಂತೆ. ಅತ್ತೆ ಕುರ್ಚಿ ಸರಿಸಿಕೊಂಡರು. ಎರಡು ವರ್ಷದ ಮೇಲೆ ಅದನ್ನು ಮುಖಕ್ಕೆ ಮುಖ ಕೊಟ್ಟು ನೋಡಿದೆ. ಪಟ್ಟೆಯ ತುದಿ ನೆಟ್ಟಗೆ ನಿಂತಿರಲಿಲ್ಲ. ಕೆಳಗೆ ಜಾರಿ, ಬಾಲದ ಹಾಗೆ ಸಣ್ಣಗಾಗಿತ್ತು. ಫೋನಿಗೆ ತಿರುಗಿದಾಗಿನ ಕೈ. ನನ್ನದೇ. ಅಲ್ಲಿ ಬಟ್ಟೆ ಇಟ್ಟರೆ, ಇನ್ನೊಂದು ಮಾರು ಎಳೆದರೆ, ಮುಗಿಯಿತು. ನನ್ನ ಗಂಡ ಇದ್ದಾಗ ಶುರುವಾದ ಕೆಲಸ ಇದೊಂದೇ ಮನೆಯಲ್ಲಿ ಬಾಕಿ ಇದ್ದದ್ದು.

ಕೈ ಹೋಗಲಿಲ್ಲ. ಈ ಒಂದು ಮಾರು ಗೋಡೆಗಾಗಿ ತಿಂಗಳಿಡೀ ಊರೆಲ್ಲರ ಮೇಲೆ ಕಿಡಿ ಕಾರಿದವಳು ಬಟ್ಟೆ ಹಿಡಿದುಕೊಂಡು ಗೊಂಬೆಯ ಹಾಗೆ ನಿಂತಿದ್ದೆ. ಮೊಣಕೈವರೆಗೂ ಕೆಂಪು ನೀರು ಇಳಿಯುತ್ತಿತ್ತು.

ಆಮೇಲೆ ಅವರ ಮೇಲೆ ಸಿಟ್ಟು ಬಂತು. ನಿಜವಾದ ಸಿಟ್ಟು, ಪಿಳ್ಳಪ್ಪನವರ ಮೇಲೆ ಬಂದಂಥದ್ದಲ್ಲ. ಎದೆ ನೋಯುತ್ತಿದೆ ಎಂದು ಹಿಂದಿನ ದಿನವೇ ಹೇಳಬಹುದಿತ್ತು. ಗ್ಯಾಸು ಎಂದರು. ಮಾವಿನ ಸೊಪ್ಪು ಅಲ್ಲಾಳಸಂದ್ರದಲ್ಲಿ ಸಿಗುವುದಿಲ್ಲವೇ, ಕೆರೆಯ ಪಕ್ಕದಲ್ಲೇ ಮರವಿಲ್ಲವೇ. ಯಶವಂತಪುರದಲ್ಲೇ ಆಗಬೇಕೇ. ತಾಯಿ ಮಗ ಇಬ್ಬರೂ ಒಂದೇ, ಹೇಳಬೇಕಾದ್ದನ್ನು ಬಿಟ್ಟು ಬೇರೆಲ್ಲ ಹೇಳುತ್ತಾರೆ. ಆ ಸಿಟ್ಟಿನಲ್ಲೇ ಬಟ್ಟೆಯನ್ನು ಗೋಡೆಗೆ ಒತ್ತಿದೆ. ಒಂದೇ ಎಳೆತ. ಬಾಗಿಲ ಚೌಕಟ್ಟಿಗೆ ಕೈ ಬಡಿದಾಗಲೇ ನಿಂತದ್ದು. ತಲೆಯ ಮೇಲೆ ಒಂದು ವಿಮಾನ ಹೋಯಿತು. ನಾನು ಏನೋ ಕೂಗಿದೆ, ಏನೆಂದು ನನಗೂ ಕೇಳಿಸಲಿಲ್ಲ.

ಸಮಾಧಾನವಾಗುತ್ತದೆಂದು ಎಣಿಸಿದ್ದೆ. ಇಷ್ಟೇ ಇಷ್ಟು ಜಾಗಕ್ಕೆ ಇಷ್ಟೆಲ್ಲ ಆಯಿತೇ ಎಂದು ಇನ್ನಷ್ಟು ಉರಿಯಿತು. ಮೋನಿಕಾ ಬೋಗುಣಿ ಹಿಡಿದುಕೊಂಡು ಅಳುತ್ತಿದ್ದಳು. ಮಣ್ಣು ಚೆಲ್ಲುತ್ತೆ, ಸರಿಯಾಗಿ ಹಿಡಿ ಎಂದು ಗದರಿದೆ.

ಒಣಗಿದ ಮೇಲೆ ನೋಡಿದರೆ ಹೊಂದಿಕೆಯಾಗಿಲ್ಲ. ಹಳೆಯದು ಹಳೇ ಹೆಂಚು, ಹೊಸದು ಹೊಸ ಹೆಂಚು. ಎಲ್ಲಿ ನಿಂತಿತ್ತು, ಎಲ್ಲಿಂದ ಮತ್ತೆ ಶುರುವಾಯಿತು ಎಂದು ಯಾರಿಗಾದರೂ ಕಾಣುತ್ತದೆ. ಸುಮಂಗಲಾ, ಫೋಟೋದಲ್ಲಿ ಎದ್ದು ಕಾಣುತ್ತದೆಂದು ಪೇಚಾಡಿದಳು. ಮುಕ್ತಾರ್, ಹಳೆಯದರ ಮೇಲೆ ತಾನೊಂದು ಕೋಟು ಎಳೆದು ಒಂದೇ ಮಾಡಿಕೊಡುತ್ತೇನೆ, ಮೇಡಂ ಕೆಲಸಕ್ಕೆ ಕಾಸು ಬೇಡ ಎಂದರು. ನಾನು ಹೂಂ ಎನ್ನುವುದರಲ್ಲಿದ್ದೆ.

"ಇರ್ಲಿ ಬುಡಪ್ಪ" ಎಂದರು ಅತ್ತೆ. ಆ ಗಂಟು ಬಿದ್ದ ಜಾಗದ ಮೇಲೆ ಬೆರಳಿಟ್ಟರು. "ಇಲ್ಲೀಗಂಟ ಅವ್ನಿದ್ದ."

ಫೆಬ್ರವರಿ ೧೪, ಶುಕ್ರವಾರ

ಚಪ್ಪರ ಎದ್ದಿತು. ಪಿಳ್ಳಪ್ಪನವರು ಒಳಗೆ ಕಾಲಿಡುವುದಿಲ್ಲವೆಂದು ಶಪಥ ಮಾಡಿ ರಸ್ತೆಯಲ್ಲಿ ಕುರ್ಚಿ ಹಾಕಿಸಿಕೊಂಡರು. ಊಟ ಅಲ್ಲಿಗೇ ತರಿಸಿಕೊಂಡರು, ಎರಡು ಸಲ. ಹೋಳಿಗೆಯೂ ಶಪಥದ ಗೆರೆ ದಾಟಿ ಅವರವರೆಗೆ ಹೋಯಿತು. ನಾನೇ ಬಡಿಸಿದೆ. ತುಪ್ಪ ಹಾಕಲಿಲ್ಲ.

ಬೀಗರ ಕಡೆಯ ಹಿರಿಯ ಹೆಂಗಸೊಬ್ಬರು ನಡುಮನೆಗೆ ಬಂದು, ಈಗೆಲ್ಲ ಎಲ್ಲಿ ಕಾಣಲು ಸಿಗುತ್ತದೆ ಇದು, ಯಾರ ಕೈ ಎಂದು ಕೇಳಿದರು. ಮನೆಯವರೆಲ್ಲ ಒಟ್ಟಿಗೆ ಸುಮ್ಮನಾದರು. ನಾನೂ. ಸುಮಂಗಲಾ ಅರಿಶಿನದ ತಟ್ಟೆ ಕೆಳಗಿಟ್ಟು, "ನಮ್ಮಕ್ಕಂದು" ಎಂದಳು. ಜೋರಾಗಿಯೇ ಹೇಳಿದಳು, ರಸ್ತೆಗೆ ಕೇಳಿಸುವಷ್ಟು. ಆ ಹೆಂಗಸು ನನ್ನ ಬರಿಯ ಹಣೆ ನೋಡಿದರು, ಪಟ್ಟೆ ನೋಡಿದರು, ತುಟಿ ಬಿಗಿದುಕೊಂಡು ಹೊರಗೆ ಹೋದರು. ಹೋಗಲಿ. ಗೋಡೆ ಹೋಗುವುದಿಲ್ಲ.

ಅಶ್ವತ್ಥ್ ಬೆಳಗ್ಗೆಯೇ ಯಶವಂತಪುರಕ್ಕೆ ಹೋಗಿ ತೋರಣಕ್ಕೆ ಮಾವಿನ ಸೊಪ್ಪು ತಂದಿದ್ದ. ಚೀಲ ನನ್ನ ಕೈಗೇ ಕೊಟ್ಟ. ಎಲೆಗಳಿಗೆ ಚಿಮುಕಿಸಿದ ನೀರು ಇನ್ನೂ ಆರಿರಲಿಲ್ಲ.

ಕೊನೆಗೂ ಮಾವಿನ ಸೊಪ್ಪು ಮನೆಗೆ ಬಂತು. ಎರಡು ವರ್ಷ ತಡ.

ಫೆಬ್ರವರಿ ೧೮, ಮಂಗಳವಾರ

ಮದುವೆ ಆಯಿತು. ಮೋನಿಕಾ ವಿದ್ಯಾರಣ್ಯಪುರಕ್ಕೆ ಹೋದಳು. ಒಂದು ಬಸ್ಸಿನ ದೂರ, ಆದರೂ ಸಿಟ್ಟು ಬರುತ್ತದೆ. ಚಪ್ಪರ ಬಿಚ್ಚುವವರು ನಾಳೆ ಬರುತ್ತೇವೆಂದು ಮೂರು ದಿನದಿಂದ ಹೇಳುತ್ತಿದ್ದಾರೆ. ಕೇಟರಿಂಗಿನವರು ನಮ್ಮದಲ್ಲದ ಎರಡು ಸೌಟು ಬಿಟ್ಟು, ನಮ್ಮ ದೊಡ್ಡ ಜಾಲರಿ ಒಯ್ದಿದ್ದಾರೆ. ಅದು ಅತ್ತೆಯ ಜಾಲರಿ. ಫೋನಿನಲ್ಲಿ ಅವರಿಗೆ ಹೇಳಿದ ಮಾತುಗಳನ್ನು ಇಲ್ಲಿ ಬರೆದರೆ ಡೈರಿ ಹಾಳಾಗುತ್ತದೆ.

ಪಿಳ್ಳಪ್ಪನವರು ಬೀಗರ ಊಟ ಯಾವತ್ತು ಎಂದು ಕೇಳಿ ಕಳಿಸಿದ್ದಾರೆ. ಒಳಗೇ ಬಡಿಸುವುದೆಂದು ಹೇಳಿ ಕಳಿಸಿದ್ದೇನೆ.

ಮಧ್ಯಾಹ್ನ ಅತ್ತೆ ಕುರ್ಚಿಯನ್ನು ಕಿಟಕಿಯ ಹತ್ತಿರ ಹಾಕಿಸಿಕೊಂಡರು. ಆಗಲೇ ಬೀದಿಯ ಎರಡು ಸುದ್ದಿ ಹೇಳಿಯಾಯಿತು. ಯಾಕೆ ಜಾಗ ಬದಲಾಯಿಸಿದಿರಿ ಎಂದು ಕೇಳಲಿಲ್ಲ. ಅಲ್ಲಿ ಗಾಳಿ ಚೆನ್ನಾಗಿ ಬರುತ್ತದೆ.